ಉಪ್ಪಾರಪೇಟೆಯಿಂದ ಜ್ವಾಲಾಮುಖಿಗೆ ಒಂದು ಹಗಲು

ಬೆಂಗಳೂರಿನ ಉಪ್ಪಾರಪೇಟೆಗೆ ನಿದ್ದೆಯಿಲ್ಲ. ಬೆಳಗಿನ ಜಾವ ಐದಕ್ಕೆ ನಾನು ಹೋದಾಗ ಮೆಜೆಸ್ಟಿಕ್ಕಿನಲ್ಲಿ ಬಸ್ಸಿಳಿದವರು ಟೀ ಗಾಡಿಗಳ ಸುತ್ತ ನಿಂತಿದ್ದರು. ಲಾಡ್ಜುಗಳ ದೀಪಗಳು ಉರಿಯುತ್ತಿದ್ದವು. ಟ್ರಾವೆಲ್ಸ್ ಹುಡುಗರು ಕತ್ತಲಲ್ಲೇ ಊರುಗಳ ಹೆಸರು ಕೂಗುತ್ತಿದ್ದರು. ಧರ್ಮಾಂಬುಧಿ ಕೆರೆ ಬತ್ತಿ ಮೈದಾನವಾಗಿ, ಮೈದಾನವೇ ಬಸ್ ನಿಲ್ದಾಣವಾದ ಮೇಲೆ ಊರು ಬಿಡುವವರೂ ಊರಿಗೆ ಬರುವವರೂ ಕಾಲಿಡುವ ಜಾಗ ಇದೇ. ಇಲ್ಲಿನ ಗೋಡೆಯೊಂದರ ಮೇಲೆ ಕೆಲವು ತಿಂಗಳ ಹಿಂದೆ ಕಂಡ ಜಾಹೀರಾತಿನಿಂದಲೇ ನಮ್ಮ ಪ್ರಯಾಣ ಶುರುವಾದದ್ದು. ಇಂಡೊನೇಷ್ಯಾದಲ್ಲಿ ಜ್ವಾಲಾಮುಖಿ, ಜಲಪಾತ, ಬಿಸಿನೀರಿನ ಬುಗ್ಗೆ, ಮೂರನ್ನೂ ಒಂದೇ ದಿನದಲ್ಲಿ ಗೈಡ್ ಸಮೇತ ತೋರಿಸುತ್ತೇವೆ ಎಂದು ಅದರಲ್ಲಿತ್ತು. ಭೂವಿಜ್ಞಾನ ಕಲಿಸಿ ನಿವೃತ್ತರಾದ ಪರಿಚಯದ ಮೇಷ್ಟ್ರೊಬ್ಬರಿಗೆ ಅದನ್ನು ಹೇಳಿದೆ.

"ಅಷ್ಟು ದೂರ ಯಾಕೆ? ಮೂರೂ ಕೋಲಾರದಲ್ಲಿವೆ. ಒಂದು ಭಾನುವಾರ ಬಿಡುವು ಮಾಡ್ಕೊಳ್ಳಿ, ನಾನೇ ತೋರಿಸ್ತೀನಿ," ಎಂದರು.

ಹೀಗೆ ಹತ್ತು ಜನ, ಒಂದು ಟೆಂಪೊ ಟ್ರಾವೆಲರ್, ಮುಂದಿನ ಸೀಟಿನಲ್ಲಿ ಮೇಷ್ಟ್ರು. ಗಾಡಿ ಹೊರಡುವ ಮೊದಲು ಅವರು ಪೇಟೆಯ ಹೆಸರಿನ ಬಗ್ಗೆಯೇ ಎರಡು ಮಾತು ಹೇಳಿದರು. ಚೌಳು ಮಣ್ಣನ್ನು ನೀರಲ್ಲಿ ಕದಡಿ, ತಿಳಿಯನ್ನು ಬಸಿದು, ಬತ್ತಿಸಿ ಉಪ್ಪು ತೆಗೆಯುವುದು ಉಪ್ಪಾರರ ಕುಲಕಸುಬು. ಆಮೇಲೆ ಬಾವಿ ತೋಡುವುದು, ಕಲ್ಲು ಮಣ್ಣಿನ ಕೆಲಸ, ಮನೆ ಕಟ್ಟುವುದು ಅವರ ಕೈಗೆ ಬಂತು. "ಮಣ್ಣಲ್ಲಿ ಏನಿದೆ ಅಂತ ನಾಲಿಗೆಯಿಂದಲೇ ಹೇಳ್ತಿದ್ದ ಜನ. ಉಪ್ಪು ತೆಗೆಯೋ ಆ ವಿದ್ಯೆ ನೆನಪಿಟ್ಕೊಳ್ಳಿ, ಸಂಜೆ ಹೊತ್ತಿಗೆ ಬೇಕಾಗುತ್ತೆ," ಎಂದರು.

ಮೊದಲ ನಿಲುಗಡೆ ಲಾಲ್‌ಬಾಗ್. ಕೆಂಪೇಗೌಡರ ಗೋಪುರ ಹೊತ್ತ ಬಂಡೆಯ ಮೇಲೆ ವಾಕಿಂಗ್ ಮಾಡುವವರು ಆಗಲೇ ಸೇರಿದ್ದರು. ದಿನವೂ ತುಳಿಯುವ ಈ ಬಂಡೆ ಸುಮಾರು 300 ಕೋಟಿ ವರ್ಷ ಹಳೆಯದು. ಮೈಸೂರು ಭೂವಿಜ್ಞಾನ ಇಲಾಖೆಯ ಡಬ್ಲ್ಯು.ಎಫ್. ಸ್ಮೀತ್ ಈ ಜಾತಿಯ ಶಿಲೆಗೆ 'ಪೆನಿನ್ಸುಲಾರ್ ನೈಸ್' ಎಂದು ಹೆಸರಿಟ್ಟದ್ದು 1916ರಲ್ಲಿ. ದಕ್ಷಿಣ ಭಾರತದ ಬಹುಪಾಲು ನೆಲಕ್ಕೆ ಇದೇ ಪಾಯ. ಬೂದು ಮತ್ತು ಬಿಳಿ ಪಟ್ಟೆಗಳು ಬಂಡೆಯಲ್ಲಿ ನಿರಿಗೆ ಬಿದ್ದ ಸೀರೆಯಂತೆ ಮಡಚಿಕೊಂಡಿವೆ. ಕಲ್ಲು ಹಿಂದೊಮ್ಮೆ ನಾದಿದ ಹಿಟ್ಟಿನಷ್ಟು ಮೆದುವಾಗಿತ್ತು ಎಂಬುದಕ್ಕೆ ಅದು ಸಾಕ್ಷಿ. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣೆ ಇದನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಸಾರಿದೆ. ಕರ್ನಾಟಕದ ಇನ್ನು ಮೂರು ಕಲ್ಲುಗಳಿಗೂ ಆ ಗೌರವವಿದೆ: ಮಲ್ಪೆ ಎದುರಿನ ಸೇಂಟ್ ಮೇರೀಸ್ ದ್ವೀಪದ ಕಂಬಗಲ್ಲು, ಚಿತ್ರದುರ್ಗ ಬಳಿಯ ಮರಡಿಹಳ್ಳಿಯ ದಿಂಬು ಲಾವಾ, ಮತ್ತು ನಾವು ಅಂದು ನೋಡಲು ಹೊರಟಿದ್ದ ಕೆ.ಜಿ.ಎಫ್. (ಕೋಲಾರ ಚಿನ್ನದ ಗಣಿ) ಸೀಮೆಯ ಪೆದ್ದಪಲ್ಲಿ. ಈ ಮೂರೂ ಜ್ವಾಲಾಮುಖಿಯ ಮಕ್ಕಳು.

ಹೊಸಕೋಟೆ, ನರಸಾಪುರ ದಾಟಿ ಕೋಲಾರ ತಲುಪುವಷ್ಟರಲ್ಲಿ ಇಡ್ಲಿ ಹೊತ್ತು. ಊರಿನ ಬೆನ್ನಿಗೆ ಶತಶೃಂಗ ಬೆಟ್ಟಸಾಲು. ಮೆಟ್ಟಿಲು ಹತ್ತಿದರೆ ಅಂತರಗಂಗೆ. ಕಾಶಿ ವಿಶ್ವೇಶ್ವರನ ಗುಡಿಯ ಬಳಿ ಕಲ್ಲಿನ ಬಸವನ ಬಾಯಿಂದ ನೀರು ಕಲ್ಯಾಣಿಗೆ ಬೀಳುತ್ತಲೇ ಇರುತ್ತದೆ. ಹುಣಸೆ ಮರಗಳ ಮೇಲೆ ಮಂಗಗಳು ನಮ್ಮ ಚೀಲಗಳನ್ನೇ ನೋಡುತ್ತಿದ್ದವು. ಬೊಗಸೆ ಹಿಡಿದೆ. ತಣ್ಣನೆಯ ನೀರು. ಬೆಟ್ಟದ ಮೇಲೆ ಬಿದ್ದ ಮಳೆ ಬಂಡೆಯ ಬಿರುಕುಗಳಲ್ಲಿ ಇಂಗಿ, ನಿಧಾನವಾಗಿ ಇಳಿದು, ದಾರಿ ಸಿಕ್ಕಲ್ಲಿ ಹೊರಬರುತ್ತದೆ. ಬಿಸಿನೀರಿನ ಬುಗ್ಗೆ ನೋಡುವ ಆಸೆಯಿದ್ದವರು ದಕ್ಷಿಣ ಕನ್ನಡಕ್ಕೆ, ಪುತ್ತೂರು ಬಳಿಯ ಇರ್ದೆಯ ಬೆಂದ್ರು ತೀರ್ಥಕ್ಕೆ ಹೋಗಬೇಕು. ಕೋಲಾರದ ನೆಲದ ಮೇಲೆ ಬಿಸಿನೀರು ಇಲ್ಲ. "ನೆಲದ ಮೇಲೆ ಇಲ್ಲ ಅಂತ ಮಾತ್ರ ಹೇಳಿ," ಎಂದು ಮೇಷ್ಟ್ರು ತಿದ್ದಿದರು.

ಈ ಸಣ್ಣ ಧಾರೆಯ ಮುಂದೆ ನಾನು ಹೆಚ್ಚು ಹೊತ್ತು ನಿಂತೆ. ಸದಾ ಹರಿಯುವ ನದಿ ಒಂದೂ ಇಲ್ಲದ ಜಿಲ್ಲೆ ಇದು. ಸಾವಿರ ಅಡಿ ಕೊರೆದರೂ ಕೊಳವೆ ಬಾವಿಯಲ್ಲಿ ನೀರು ಬಾರದ ಹಳ್ಳಿಗಳಿವೆ. ಬೆಂಗಳೂರಿನ ಕೊಳಚೆ ನೀರನ್ನು ಸಂಸ್ಕರಿಸಿ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಇಲ್ಲಿನ ಕೆರೆಗಳಿಗೆ ಹರಿಸತೊಡಗಿದ್ದು 2018ರಲ್ಲಿ. ನಾವು ಬಳಸಿ ಬಿಟ್ಟ ನೀರು ಇಲ್ಲಿಗೆ ಬರುತ್ತದೆ, ಇಲ್ಲಿನ ಟೊಮೆಟೊ, ಹಾಲು ನಮ್ಮ ಅಡುಗೆಮನೆಗೆ ಬರುತ್ತವೆ. ಈ ಲೆಕ್ಕದಲ್ಲಿ ಕೋಲಾರಕ್ಕೆ ನಾವು ಇನ್ನೂ ಸಾಲಗಾರರು.

ಬಂಗಾರಪೇಟೆಯಲ್ಲಿ ಚಾಟ್ಸ್‌ಗೆ ಇಳಿಯಲೇಬೇಕು. ತಿಳಿನೀರಿನಂಥ ಪಾನಿ, ಖಾರಕ್ಕೇನೂ ಕಮ್ಮಿಯಿಲ್ಲ. ಅಲ್ಲಿಂದ ಮುಂದಕ್ಕೆ ನೆಲದ ಬಣ್ಣ ಬದಲಾಗುವುದನ್ನು ಗಮನಿಸಿ ಎಂದು ಮೇಷ್ಟ್ರು ಎಲ್ಲರನ್ನೂ ಕಿಟಕಿಗೆ ಕೂರಿಸಿದರು. ದುಂಡು ಬಂಡೆಗಳ ಬೂದು ಗುಡ್ಡ ಹಿಂದೆ ಸರಿದು, ಹಸಿರು ಮಿಶ್ರಿತ ಕಪ್ಪು ಕಲ್ಲು ಕಾಣಿಸತೊಡಗಿತು. ಲಾಲ್‌ಬಾಗಿನ ಬಂಡೆಯ ಸಂಬಂಧಿಕರ ನಡುವೆ ಇದು ಬೇರೆ ಕುಲದ ಕಲ್ಲು. ಉತ್ತರದಿಂದ ದಕ್ಷಿಣಕ್ಕೆ ಸುಮಾರು 80 ಕಿಲೋಮೀಟರ್ ಉದ್ದ, ಅಗಲ ಮಾತ್ರ ಕೆಲವೇ ಕಿಲೋಮೀಟರ್. ಪಂಚೆಯ ಅಂಚಿನಂತೆ ಸಪೂರವಾದ ಈ ಪಟ್ಟಿಯೇ ಕೋಲಾರದ ಪದರಶಿಲಾ (ಶಿಸ್ಟ್) ವಲಯ. ಸುಮಾರು 270 ಕೋಟಿ ವರ್ಷಗಳ ಹಿಂದೆ ಇದು ಲಾವಾ ಆಗಿತ್ತು, ಅದರಲ್ಲಿ ಹೆಚ್ಚಿನದು ನೀರಿನಡಿಯಲ್ಲೇ ಉಕ್ಕಿತ್ತು. ಬೀದರ್, ಕಲಬುರಗಿ, ಬೆಳಗಾವಿ ಕಡೆಯ ಕಪ್ಪು ನೆಲವೂ ಲಾವಾದ್ದೇ, ಆದರೆ ಅದು ಬರೀ ಆರೂವರೆ ಕೋಟಿ ವರ್ಷದ್ದು. ಕೋಲಾರದ ಮುಂದೆ ಅದು ಎಳೆಗೂಸು.

ಜ್ವಾಲಾಮುಖಿ ಎಂದರೆ ಶಂಖದಾಕಾರದ ಬೆಟ್ಟ, ತುದಿಯಲ್ಲಿ ಹೊಗೆ ಎಂದುಕೊಂಡು ಹೋದವರಿಗೆ ಪೆದ್ದಪಲ್ಲಿ ನಿರಾಸೆ ಮಾಡುತ್ತದೆ. ಕುರುಚಲು ಗಿಡಗಳ ನಡುವೆ ಒಂದಿಷ್ಟು ಬಂಡೆ, ಅಷ್ಟೇ. ಬೆಟ್ಟ ಸವೆದುಹೋಗಿ ಯುಗಗಳಾದವು. ಉಳಿದಿರುವುದು ಅದರ ಒಡಲು. ಮೇಷ್ಟ್ರು ಮಂಡಿಯೂರಿ, ಬಾಟಲಿಯ ನೀರನ್ನು ಕಲ್ಲಿನ ಮೇಲೆ ಚೆಲ್ಲಿದರು. ಒದ್ದೆಯಾದ ಕೂಡಲೇ ಕಲ್ಲು ಮಾತಾಡಿತು. ಬೂದು ಬಣ್ಣದ ನುಣುಪಾದ ತಳದಲ್ಲಿ ಕಡಲೆಕಾಯಿಯಷ್ಟು, ನಿಂಬೆಹಣ್ಣಿನಷ್ಟು, ತೆಂಗಿನಕಾಯಿಯಷ್ಟು ದೊಡ್ಡ ಬೇರೆ ಬೇರೆ ಕಲ್ಲಿನ ತುಂಡುಗಳು, ಬೆಲ್ಲದ ಪಾಕದಲ್ಲಿ ಸಿಕ್ಕಿಕೊಂಡ ಕಡಲೆಯಂತೆ. ತಳವೆಲ್ಲ ಒಂದು ಕಾಲದ ಬೂದಿ. ತುಂಡುಗಳು ಜ್ವಾಲಾಮುಖಿ ಸಿಡಿದಾಗ ಹಾರಿಬಂದು ಬಿದ್ದವು. ಆಮೇಲಿನ ಕೋಟ್ಯಂತರ ವರ್ಷಗಳ ಒತ್ತಡಕ್ಕೆ ಎಷ್ಟೋ ತುಂಡುಗಳು ಒಂದೇ ದಿಕ್ಕಿಗೆ ಎಳೆದಂತೆ ಉದ್ದವಾಗಿವೆ.

ನಮ್ಮ ಜೊತೆಗಿದ್ದ ಹತ್ತನೇ ತರಗತಿಯ ಹುಡುಗಿ ಒಂದು ತುಂಡಿನ ಮೇಲೆ ಅಂಗೈಯಿಟ್ಟು, "ಇದು ಬಿದ್ದಾಗ ಶಬ್ದ ಕೇಳೋದಕ್ಕೆ ಯಾರಾದ್ರೂ ಇದ್ರಾ?" ಎಂದು ಕೇಳಿದಳು. ಯಾರೂ ಇರಲಿಲ್ಲ. ಹಕ್ಕಿ, ಮರ, ಹುಲ್ಲು, ಮೀನು ಒಂದೂ ಇರಲಿಲ್ಲ. ಕಣ್ಣಿಗೆ ಕಾಣದ ಸೂಕ್ಷ್ಮಜೀವಿಗಳ ಹೊರತು ಭೂಮಿಯ ಮೇಲೆ ಬೇರೆ ಜೀವವಿರಲಿಲ್ಲ. ಅವಳು ಕೈ ತೆಗೆಯಲೇ ಇಲ್ಲ. ಅಂದಿನ ಇಡೀ ಪ್ರವಾಸದಲ್ಲಿ ನನಗೆ ದೊಡ್ಡದೆನಿಸಿದ ಗಳಿಗೆ ಅದು.

ಇನ್ನು ಬಿಸಿನೀರು. ಲಾವಾ ಆರಿದ ಮೇಲೂ ಭೂಮಿಯ ಆಳದಲ್ಲಿ ಕಾವು ಆರಿರಲಿಲ್ಲ. ಕೆಳಗಿನಿಂದ ಕುದಿಯುವ ಬಿಂದುವನ್ನು ಎಷ್ಟೋ ಮೀರಿದ ತಾಪದ ನೀರು, ಮೇಲಿನ ಒತ್ತಡಕ್ಕೆ ಆವಿಯಾಗಲಾರದೆ, ಬಿರುಕುಗಳ ದಾರಿ ಹಿಡಿದು ಏರಿ ಬಂತು. ಬರುವ ದಾರಿಯಲ್ಲಿ ಕಲ್ಲಿನೊಳಗೆ ಚದುರಿದ್ದ ಚಿನ್ನವನ್ನು ಕರಗಿಸಿ ಹೊತ್ತು ತಂತು. ಮೇಲೆ ಒತ್ತಡ ಇಳಿದು ತಾಪ ತಗ್ಗಿ, ಸುತ್ತಲಿನ ಕಲ್ಲಿನೊಡನೆ ಬೆರೆತು ಗುಣ ಬದಲಾದಾಗ, ಹೊತ್ತುಕೊಂಡದ್ದನ್ನು ಬಿಳಿ ಬೆಣಚುಕಲ್ಲಿನ ಜೊತೆ ಬಿರುಕಿನಲ್ಲೇ ಬಿಟ್ಟಿತು. ಉಪ್ಪಾರರು ಮಣ್ಣಿನ ಉಪ್ಪನ್ನು ನೀರಿಗಿಳಿಸಿ, ನೀರು ಬತ್ತಿಸಿ ಉಪ್ಪುಳಿಸಿಕೊಂಡ ಹಾಗೆ. ಮೇಷ್ಟ್ರು ಬೆಳಿಗ್ಗೆ ನೆನಪಿಟ್ಟುಕೊಳ್ಳಿ ಎಂದದ್ದು ಇದಕ್ಕೆ. ಕೋಲಾರದ ಚಿನ್ನವೆಂದರೆ 250 ಕೋಟಿ ವರ್ಷಗಳಷ್ಟು ಹಿಂದಿನ ಬಿಸಿನೀರು ಬಿಟ್ಟುಹೋದ ಗಸಿ. ನಮ್ಮ ಅಜ್ಜಿಯಂದಿರ ಅವಲಕ್ಕಿ ಸರದಲ್ಲಿ, ತಾಳಿಯ ಗುಂಡಿನಲ್ಲಿ ಅದರ ಒಂದು ಕಣವಾದರೂ ಇದ್ದೀತು.

ಆ ಗಸಿಗಾಗಿ ಮನುಷ್ಯ ಎಷ್ಟು ಆಳಕ್ಕಿಳಿದ! ಲೆಫ್ಟಿನೆಂಟ್ ಜಾನ್ ವಾರನ್ 1802ರಲ್ಲಿ ಬಂದಾಗಲೇ ಊರಿನ ಜನ ಗುಂಡಿ ತೋಡಿ, ಮಣ್ಣು ತೊಳೆದು ಚಿನ್ನ ತೆಗೆಯುತ್ತಿದ್ದರು. 1880ರ ದಶಕದಲ್ಲಿ ಜಾನ್ ಟೇಲರ್ ಕಂಪನಿ ಬಂದ ಮೇಲೆ ಗುಂಡಿಗಳು ಸುರಂಗಗಳಾದವು. ಚಾಂಪಿಯನ್ ರೀಫ್ ಗಣಿ ಕೊನೆಗೆ 3.2 ಕಿಲೋಮೀಟರ್ ಆಳ ಮುಟ್ಟಿತು, ಜಗತ್ತಿನ ಅತಿ ಆಳದ ಗಣಿಗಳಲ್ಲಿ ಒಂದಾಯಿತು. ಅಲ್ಲಿ ಗೋಡೆಯ ಕಲ್ಲಿನ ತಾಪವೇ 65 ಡಿಗ್ರಿ ಸೆಲ್ಸಿಯಸ್ ಹತ್ತಿರ. ತಣ್ಣನೆಯ ಗಾಳಿಯನ್ನು ಕೆಳಕ್ಕೆ ಊದದೆ ಮನುಷ್ಯ ಉಳಿಯುವಂತಿರಲಿಲ್ಲ. ಒತ್ತಡಕ್ಕೆ ಬಂಡೆಗಳೇ ಸಿಡಿಯುತ್ತಿದ್ದವು. ಸುಮಾರು 120 ವರ್ಷಗಳಲ್ಲಿ ಕೆ.ಜಿ.ಎಫ್. ಗಣಿಗಳಿಂದ 800 ಟನ್ನಿಗೂ ಹೆಚ್ಚು ಚಿನ್ನ ಮೇಲೆ ಬಂತು, 2001ರ ಫೆಬ್ರವರಿ 28ರಂದು ಗಣಿಗಳು ಮುಚ್ಚಿದವು. ಇಲ್ಲಿನ ಗಣಿಯ ಆಳದಲ್ಲೇ, ಚಿನ್ನದೊಂದಿಗೆ ಏನೂ ಸಂಬಂಧವಿಲ್ಲದೆ, 1965ರಲ್ಲಿ ವಿಜ್ಞಾನಿಗಳು ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊಗಳನ್ನು ಮೊದಲ ಸಲ ಪತ್ತೆ ಮಾಡಿದರು. ಕೋಲಾರದ ಮಕ್ಕಳ ಪಾಠದಲ್ಲಿ ಇದು ಇರಬೇಕು.

ಊರಿಗೂ ಊರಿಗೂ ನಡುವೆ ಸಯನೈಡ್ ಗುಡ್ಡಗಳು. ಚಿನ್ನ ತೆಗೆದ ಮೇಲೆ ಉಳಿದ ಪುಡಿಗಲ್ಲಿನ ರಾಶಿ. 'ಕೆ.ಜಿ.ಎಫ್' ಸಿನಿಮಾ ಬಂದ ಮೇಲೆ ಫೋಟೊ ತೆಗೆಸಿಕೊಳ್ಳಲು ಬರುವವರು ಹೆಚ್ಚು. ಗಾಳಿ ಎದ್ದರೆ ಆ ಪುಡಿ ಕಾಲೊನಿಗಳ ಮನೆಯೊಳಕ್ಕೆ ನುಗ್ಗುತ್ತದೆ. ಜ್ವಾಲಾಮುಖಿಯ ಬೂದಿ ಎರಡನೇ ಸಲ ಉದುರುತ್ತಿದೆ, ಈ ಸಲ ಕೆಳಗೆ ಮನುಷ್ಯರಿದ್ದಾರೆ. ಗಣಿ ಕೆಲಸಗಾರರ ಸಾಲುಮನೆಗಳ ಮುಂದೆ ವಯಸ್ಸಾದವರು ಕೂತಿದ್ದರು. ಕನ್ನಡ, ತಮಿಳು, ತೆಲುಗು ಮೂರನ್ನೂ ಒಂದೇ ವಾಕ್ಯದಲ್ಲಿ ಹೆಣೆದು ಮಾತಾಡುವ ಜನ. ಒಬ್ಬರು ತಮ್ಮ ಮೊಣಕೈ ತೋರಿಸಿ, "ಒಳಗಿನ ಕಲ್ಲು ತಗುಲಿದ್ರೆ ಕಾವಲಿ ತಗುಲಿದ ಹಾಗೆ," ಎಂದರು. ನಾವು ಹುಡುಕಿ ಬಂದ ಕಾವು ಅದೇ. ಅದನ್ನು ಮೈಯಲ್ಲಿ ಹೊತ್ತವರು ಅವರು.

ಜಲಪಾತ ಎಲ್ಲಿ ಎಂದು ಕೊನೆಗೆ ಕೇಳಿದೆವು. ಗಡಿಯಾಚೆ ಚಿತ್ತೂರು ಜಿಲ್ಲೆಯ ಕೌಂಡಿನ್ಯ ಕಾಡಿನಲ್ಲಿ ಕೈಗಲ್ ಜಲಪಾತವಿದೆ, ಮಳೆಗಾಲದಲ್ಲಿ ಸೊಗಸು. ಮೇಷ್ಟ್ರ ಮನಸ್ಸಿನಲ್ಲಿದ್ದದ್ದು ಅದಲ್ಲ. ಅವರು ತೋರಿಸಿದ್ದು ತುಕ್ಕು ಹಿಡಿದ ಶಾಫ್ಟಿನ ತಲೆಗೋಪುರವನ್ನು. 1902ರ ಜೂನ್‌ನಲ್ಲಿ ಕಾವೇರಿ ಶಿವನಸಮುದ್ರದಲ್ಲಿ ಧುಮ್ಮಿಕ್ಕಿದ ಬಲ ವಿದ್ಯುತ್ತಾಗಿ, 147 ಕಿಲೋಮೀಟರ್ ತಂತಿಯ ಮೇಲೆ ಓಡಿ ಇಲ್ಲಿಗೆ ಬಂತು. ಆ ಕಾಲಕ್ಕೆ ಜಗತ್ತಿನ ಅತಿ ಉದ್ದದ ವಿದ್ಯುತ್ ಮಾರ್ಗಗಳಲ್ಲಿ ಅದೂ ಒಂದು. ಬೆಂಗಳೂರಿಗೆ ದೀಪ ಬಂದದ್ದು ಮೂರು ವರ್ಷ ತಡವಾಗಿ, 1905ರಲ್ಲಿ. ಯೋಜನೆಗೆ ಬೆನ್ನೆಲುಬಾಗಿ ನಿಂತ ದಿವಾನ್ ಕೆ. ಶೇಷಾದ್ರಿ ಅಯ್ಯರ್ 1901ರಲ್ಲೇ ತೀರಿಕೊಂಡರು, ಆ ಬೆಳಕನ್ನು ಕಾಣಲಿಲ್ಲ. ಗಗನಚುಕ್ಕಿ, ಭರಚುಕ್ಕಿಗೆ ಎಷ್ಟು ಸಲ ಹೋಗಿದ್ದೇನೋ. ಆ ನೀರಿನ ಬಲ ಒಂದು ಹಳೆಯ ಜ್ವಾಲಾಮುಖಿಯ ಹೊಟ್ಟೆಯೊಳಗೆ ಯಂತ್ರ ತಿರುಗಿಸುತ್ತಿತ್ತೆಂದು ಒಮ್ಮೆಯೂ ಹೊಳೆದಿರಲಿಲ್ಲ.

ಕತ್ತಲಾಗುವ ಹೊತ್ತಿಗೆ ಹೊರಟೆವು. ಗಣಿ ಮುಚ್ಚಿದ ಊರಿನ ಮಕ್ಕಳು ಈಗ ಮಾರಿಕುಪ್ಪಂ ರೈಲಿನಲ್ಲಿ ಬೆಂಗಳೂರಿಗೆ ಬಂದು ದುಡಿದು ರಾತ್ರಿ ಮರಳುತ್ತಾರೆ. ಬೆಳಿಗ್ಗೆ ಉಪ್ಪಾರಪೇಟೆಯ ರಸ್ತೆಗಳಲ್ಲಿ ನಮ್ಮನ್ನು ದಾಟಿ ಅವಸರದಲ್ಲಿ ನಡೆಯುವವರಲ್ಲಿ ಅವರೂ ಇರುತ್ತಾರೆ.

ಮೆಜೆಸ್ಟಿಕ್ಕಿನಿಂದ ಹೊರಡುವ ಪ್ರವಾಸದ ಬಸ್ಸುಗಳಲ್ಲಿ ವಾರಕ್ಕೊಂದಾದರೂ ಕಲ್ಲು ತೋರಿಸಲು ಹೋಗಲಿ. ಗಣಿಯಲ್ಲಿ ದುಡಿದವರನ್ನೇ ಅದಕ್ಕೆ ಗೈಡ್ ಮಾಡಿ, ಸಂಬಳ ಕೊಡಲಿ. ಪೆದ್ದಪಲ್ಲಿಯಲ್ಲಿ ಎಂಟನೇ ತರಗತಿಯ ಮಗು ಓದಿ ತಿಳಿಯುವಂಥ ಕನ್ನಡದಲ್ಲಿ ಕಲ್ಲಿನ ಕಥೆ ಬರೆದ ಫಲಕ ನಿಲ್ಲಲಿ. ನೀವು ಹೋಗುವುದಾದರೆ ಬಿಸಿಲ ಕಾವು ಕಡಿಮೆಯಿರುವ ನವೆಂಬರ್‌ನಿಂದ ಫೆಬ್ರವರಿಯ ಒಳಗೆ ಹೋಗಿ. ಹಳೆಯ ಶಾಫ್ಟುಗಳ ಹತ್ತಿರ ಸುಳಿಯಬೇಡಿ, ಮಕ್ಕಳನ್ನು ಸಯನೈಡ್ ಗುಡ್ಡ ಹತ್ತಿಸಬೇಡಿ. ಕಲ್ಲಿನ ಮೇಲೆ ಚೆಲ್ಲಲು ಒಂದು ಬಾಟಲಿ ನೀರು ಒಯ್ಯಿರಿ, ಸುತ್ತಿಗೆ ಮನೆಯಲ್ಲೇ ಇರಲಿ.