ಶತ್ರುವಿಲ್ಲದ ಸೈನಿಕ

1956ರ ನವೆಂಬರ್ 2ರ ನಸುಕು. ಈಜಿಪ್ಟಿನಲ್ಲಿ ನಡೆಯುತ್ತಿದ್ದ ಯುದ್ಧ ಕೂಡಲೇ ನಿಲ್ಲಬೇಕು ಎಂಬ ನಿರ್ಣಯಕ್ಕೆ ನ್ಯೂಯಾರ್ಕಿನಲ್ಲಿ ವಿಶ್ವಸಂಸ್ಥೆಯ ಮಹಾಸಭೆ ಆಗಷ್ಟೇ ಒಪ್ಪಿಗೆ ಕೊಟ್ಟಿತ್ತು. ಪರವಾಗಿ 64 ಮತ, ವಿರುದ್ಧ ಬರೀ 5. ಪರವಾಗಿಯೂ ಇರದ, ವಿರೋಧವಾಗಿಯೂ ಇರದ ಕೆಲವೇ ದೇಶಗಳಲ್ಲಿ ಕೆನಡಾ ಒಂದು. ಮತ ಯಾಕೆ ಹಾಕಲಿಲ್ಲ ಎಂಬುದನ್ನು ಹೇಳಲು ಅದರ ವಿದೇಶಾಂಗ ಸಚಿವ ಲೆಸ್ಟರ್ ಪಿಯರ್ಸನ್ ಎದ್ದರು. ಗುಂಡು ನಿಲ್ಲಿಸಿ, ಹಿಂದೆ ಸರಿಯಿರಿ ಎಂದರೆ ಸೇನೆಗಳು ಮೊದಲಿದ್ದಲ್ಲಿಗೇ ಹೋಗುತ್ತವೆ. ಯುದ್ಧ ಹುಟ್ಟಿದ್ದೂ ಅಲ್ಲೇ ಅಲ್ಲವೇ ಎಂಬುದು ಅವರ ವಾದ. ರಾಜಿಯೊಂದು ಕುದುರುವ ತನಕ ಗಡಿ ಕಾಯಲು ವಿಶ್ವಸಂಸ್ಥೆಯೇ ಒಂದು ಪಡೆ ಕಟ್ಟಲಿ ಎಂದರು.

ಅಂಥದ್ದೊಂದು ಪಡೆ ಅದುವರೆಗೆ ಜಗತ್ತಿನಲ್ಲಿ ಇರಲಿಲ್ಲ. ಪ್ಯಾಲೆಸ್ಟೈನಿನಲ್ಲಿ, ಕಾಶ್ಮೀರದಲ್ಲಿ ಕದನವಿರಾಮದ ಮೇಲೆ ಕಣ್ಣಿಡಲು ವೀಕ್ಷಕರಿದ್ದರು. ಆದರೆ ಅವರು ನೋಡಿ ವರದಿ ಬರೆಯುವವರು. ಎರಡು ಸೇನೆಗಳ ನಡುವೆ ನಿಲ್ಲುವವರಲ್ಲ.

ಆ ಜುಲೈನಲ್ಲಿ ಈಜಿಪ್ಟಿನ ಅಧ್ಯಕ್ಷ ನಾಸರ್ ಸೂಯೆಜ್ ಕಾಲುವೆಯನ್ನು ರಾಷ್ಟ್ರೀಕರಣ ಮಾಡಿದ್ದರು. ಬ್ರಿಟನ್, ಫ್ರಾನ್ಸ್, ಇಸ್ರೇಲ್ ಗುಟ್ಟಾಗಿ ಕೂಡಿ ಸಂಚು ಹೂಡಿದವು. ಅಕ್ಟೋಬರ್ 29ಕ್ಕೆ ಇಸ್ರೇಲ್ ಸಿನಾಯ್‌ಗೆ ನುಗ್ಗಿತು, ಮತ್ತೆರಡು ದಿನಕ್ಕೆ ಬ್ರಿಟನ್ ಮತ್ತು ಫ್ರಾನ್ಸಿನ ವಿಮಾನಗಳು ಬಾಂಬ್ ಹಾಕಿದವು. ಭದ್ರತಾ ಮಂಡಳಿಯಲ್ಲಿ ಆ ಎರಡೂ ದೇಶಗಳು ವಿಟೊ ಚಲಾಯಿಸಿದ್ದರಿಂದ ವಿಷಯ ಮಹಾಸಭೆಗೆ ಬಂದಿತ್ತು.

ಪಿಯರ್ಸನ್ ಯುದ್ಧವನ್ನು ಪುಸ್ತಕದಲ್ಲಿ ಓದಿ ತಿಳಿದವರಲ್ಲ. ಮೊದಲ ಮಹಾಯುದ್ಧದಲ್ಲಿ ಸೆಲೋನಿಕಾ ರಂಗದ ಸೇನಾ ವೈದ್ಯಕೀಯ ದಳದಲ್ಲಿ ಗಾಯಾಳುಗಳ ಸೇವೆ ಮಾಡಿದ್ದರು. ಹಾಗೆಂದು ಹೊಳೆದ ವಿಚಾರ ಮೊದಲಿಗೇ ತಿಳಿಯಾಗಿರಲಿಲ್ಲ. ದಂಡೆತ್ತಿ ಹೊರಟಿದ್ದ ಬ್ರಿಟಿಷ್ ಮತ್ತು ಫ್ರೆಂಚ್ ಸೈನಿಕರನ್ನೇ ವಿಶ್ವಸಂಸ್ಥೆಯ ಹೆಸರಿನಲ್ಲಿ ನಿಲ್ಲಿಸಿದರೆ ಹೇಗೆ ಎಂಬ ಯೋಚನೆಯೂ ಶುರುವಿನಲ್ಲಿ ಇತ್ತು. ಏಷ್ಯಾ, ಆಫ್ರಿಕಾದ ದೇಶಗಳು ಇದನ್ನು ಎಂದಿಗೂ ಒಪ್ಪವು ಎಂಬುದು ಬೇಗ ಮನದಟ್ಟಾಯಿತು. ಹೊಡೆದವನೇ ಕಾವಲು ನಿಂತರೆ ಅದನ್ನು ಶಾಂತಿ ಎನ್ನುವುದು ಹೇಗೆ? ಈ ದಾರಿ ಬಿಟ್ಟ ಮೇಲೆಯೇ ನಿಜವಾದ ಆವಿಷ್ಕಾರ ಆರಂಭವಾಯಿತು ಎಂದು ನಾನು ತಿಳಿಯುತ್ತೇನೆ.

ಪ್ರಧಾನ ಕಾರ್ಯದರ್ಶಿ ಡಾಗ್ ಹ್ಯಾಮರ್‌ಶೋಲ್ಡ್ ಅವರಿಗೆ ಮೊದಲಿಗೆ ಇದರಲ್ಲಿ ನಂಬಿಕೆ ಇರಲಿಲ್ಲ. ನವೆಂಬರ್ 4ರ ನಸುಕಿನಲ್ಲಿ ಪಿಯರ್ಸನ್ ಅವರ ಪ್ರಸ್ತಾವಕ್ಕೆ 57 ಮತ ಬಿದ್ದವು, ವಿರುದ್ಧ ಒಂದೂ ಬೀಳಲಿಲ್ಲ, 19 ದೇಶಗಳು ದೂರ ಉಳಿದವು. 48 ಗಂಟೆಯೊಳಗೆ ಯೋಜನೆ ಒಪ್ಪಿಸಿ ಎಂದಿತ್ತು ನಿರ್ಣಯ. ಕೆಲಸ ಹೆಗಲಿಗೆ ಬಿದ್ದ ಮೇಲೆ ಹ್ಯಾಮರ್‌ಶೋಲ್ಡ್ ಹಿಂದೆ ಮುಂದೆ ನೋಡಲಿಲ್ಲ. ಅವರು ಹಾಕಿಕೊಟ್ಟ ಕಟ್ಟಳೆಗಳಲ್ಲಿ ಹೆಚ್ಚಿನವು ಇಂದಿಗೂ ಬಳಕೆಯಲ್ಲಿವೆ. ಯಾರ ನೆಲದಲ್ಲಿ ಪಡೆ ನಿಲ್ಲುತ್ತದೋ ಆ ದೇಶದ ಒಪ್ಪಿಗೆ ಬೇಕು. ಭದ್ರತಾ ಮಂಡಳಿಯ ಐದು ಕಾಯಂ ಸದಸ್ಯ ದೇಶಗಳ ಸೈನಿಕರು ಅದರಲ್ಲಿ ಇರಬಾರದು. ಯಾರ ಪಕ್ಷವನ್ನೂ ವಹಿಸಬಾರದು. ಆತ್ಮರಕ್ಷಣೆಗಲ್ಲದೆ ಗುಂಡು ಹಾರಿಸಬಾರದು. ಗೆಲ್ಲಲು ಕಲಿತ ಸೈನಿಕನಿಗೆ, ಇಲ್ಲಿ ಗೆಲ್ಲಬೇಕಾದವರು ಯಾರೂ ಇಲ್ಲ ಎಂದು ಹೇಳಿದಂತಾಯಿತು.

ಕಾಗದದ ಮೇಲಿನ ಈ ಮಾತಿಗೆ ಬಟ್ಟೆ ತೊಡಿಸುವ ಕೆಲಸ ಬಾಕಿ ಇತ್ತು. ಬಂದಿಳಿಯುವ ಸೈನಿಕರು ಬೇರೆ ಬೇರೆ ದೇಶದವರು, ಸಮವಸ್ತ್ರಗಳೂ ಬೇರೆ ಬೇರೆ. ಈಜಿಪ್ಟಿನವರು ದೂರದಿಂದ ನೋಡಿ ಬ್ರಿಟಿಷರೆಂದು ಗುಂಡು ಹಾರಿಸಿಬಿಟ್ಟರೆ? ನೀಲಿ ಬೆರೆ ಟೋಪಿ ಕೊಡೋಣವೆಂದರೆ ಅವು ತಯಾರಾಗಲು ವಾರಗಟ್ಟಲೆ ಬೇಕು. ಯುರೋಪಿನಲ್ಲಿ ಅಮೆರಿಕದ ಸೇನೆಯ ದಾಸ್ತಾನಿನಲ್ಲಿ ಉಕ್ಕಿನ ಹೆಲ್ಮೆಟ್ಟಿನೊಳಗೆ ಹಾಕಿಕೊಳ್ಳುವ ಹಗುರ ಟೋಪಿಗಳು ರಾಶಿ ಬಿದ್ದಿದ್ದವು. ಅವುಗಳನ್ನೇ ತರಿಸಿ ವಿಶ್ವಸಂಸ್ಥೆಯ ತಿಳಿನೀಲಿ ಬಣ್ಣವನ್ನು ಸ್ಪ್ರೇ ಮಾಡಿಸಿದರು. ಸೈನಿಕ ಎಂದೂ ಮರೆಯಲ್ಲಿ ಅಡಗಲು ಬಯಸುವವನು, ಮಣ್ಣಿನ ಬಣ್ಣ ತೊಡುವವನು. ಇವನು ಎದ್ದು ಕಾಣಬೇಕಾಗಿತ್ತು. ಕಂಡಷ್ಟೂ ಎಲ್ಲರಿಗೂ ಕ್ಷೇಮ. ನವೆಂಬರ್ 15ಕ್ಕೆ ಮೊದಲ ತುಕಡಿ ಈಜಿಪ್ಟಿನಲ್ಲಿ ಇಳಿಯಿತು.

ಕೆನಡಾದಿಂದ ಹೊರಡಲು ಸಜ್ಜಾಗಿದ್ದದ್ದು ಕ್ವೀನ್ಸ್ ಓನ್ ರೈಫಲ್ಸ್ ಎಂಬ ದಳ. ಹೆಸರಿನಲ್ಲೇ ರಾಣಿ, ಉಡುಪೂ ಬ್ರಿಟಿಷರಂಥದ್ದೇ. ನಾಸರ್ ಬೇಡವೆಂದರು. ಕೆನಡಾಕ್ಕೆ ನೋವಾಯಿತು, ಆದರೂ ಒಪ್ಪಿ, ಸರಬರಾಜು ಮತ್ತು ಸಂಪರ್ಕ ನೋಡಿಕೊಳ್ಳುವ ದಳಗಳನ್ನು ಕಳಿಸಿತು. ಬಾಂಬ್ ಬಿದ್ದ ಊರಿನ ಜನರ ಕಣ್ಣಿಗೆ ಆ ಉಡುಪು ಹೇಗೆ ಕಂಡೀತು ಎಂಬುದನ್ನು ಲೆಕ್ಕಕ್ಕೆ ಹಿಡಿದದ್ದು ನನಗೆ ದೊಡ್ಡ ವಿಷಯ.

ಈ ಕತೆಯಲ್ಲಿ ನನ್ನನ್ನು ಕಾಡುವ ಪ್ರಶ್ನೆಯೊಂದಿದೆ. ಬ್ರಿಟನ್ ಮತ್ತು ಫ್ರಾನ್ಸ್ ತಪ್ಪು ಮಾಡಿದ್ದವು. ಈ ಪಡೆ ಅವರಿಗೆ ಮಾನ ಉಳಿಸಿಕೊಂಡು ಹೊರಹೋಗುವ ಬಾಗಿಲಾಯಿತು. ಶಿಕ್ಷೆಯಾಗಬೇಕಾದವರಿಗೆ ಬಾಗಿಲು ತೆರೆಯುವುದು ನ್ಯಾಯವೇ? ಪೂರ್ತಿ ನ್ಯಾಯವಲ್ಲ. ಆದರೆ ಅವರನ್ನು ಮೂಲೆಗೊತ್ತಿದ್ದರೆ ಆ ನ್ಯಾಯದ ಬೆಲೆ ತೆರಬೇಕಾದವರು ಈಜಿಪ್ಟಿನ ಬಂದರು ಪೋರ್ಟ್ ಸೈದ್‌ನ ಜನ. ಅವರ ಪ್ರಾಣವೇ ಮೊದಲು ಎನ್ನುವವರ ಪಕ್ಷ ನನ್ನದು. ಅದೇ ನವೆಂಬರ್ 4ರಂದು ಸೋವಿಯತ್ ಟ್ಯಾಂಕುಗಳು ಬುಡಾಪೆಸ್ಟಿಗೆ ನುಗ್ಗಿದವು. ಹಂಗೇರಿಯ ಜನರ ಪಾಲಿಗೆ ಯಾವ ನೀಲಿ ಟೋಪಿಯೂ ಬರಲಿಲ್ಲ. ಬಲಾಢ್ಯರು ಒಪ್ಪಿದಲ್ಲಿ ಮಾತ್ರ ನಡೆಯುವ ಸಾಧನವಿದು ಎಂಬುದು ಹುಟ್ಟಿದ ವಾರದಲ್ಲೇ ಗೊತ್ತಾಗಿಹೋಗಿತ್ತು.

ಗಾಜಾದ ಅಂಚಿನಲ್ಲಿ 59 ಕಿಲೋಮೀಟರ್ ಉದ್ದಕ್ಕೂ, ಒಂದರಿಂದ ಇನ್ನೊಂದು ಕಾಣುವಂತೆ ಈ ಪಡೆಯ ಕಾವಲು ಠಾಣೆಗಳೆದ್ದವು. ಹಗಲು ಅಲ್ಲಿ ನಿಗಾ, ರಾತ್ರಿ ಕಾಲ್ನಡಿಗೆಯ ಗಸ್ತು. ಭಾರತದ ಸೈನಿಕರೂ ಅಲ್ಲಿದ್ದರು. 1964ರಲ್ಲಿ ಗ್ರೀಕರು ಮತ್ತು ತುರ್ಕರು ಹೊಡೆದಾಡುತ್ತಿದ್ದ ಸೈಪ್ರಸ್‌ನಲ್ಲಿ ಇದೇ ಮಾದರಿಯ ಪಡೆ ನಿಂತಿತು. ಅದರ ದಂಡನಾಯಕರಾಗಿ ಹೋದವರು ಮಡಿಕೇರಿಯ ಜನರಲ್ ಕೆ.ಎಸ್. ತಿಮ್ಮಯ್ಯ. 1965ರ ಡಿಸೆಂಬರಿನಲ್ಲಿ ಅವರು ಆ ಕೆಲಸದಲ್ಲಿರುವಾಗಲೇ ತೀರಿಕೊಂಡರು. ಮರುವರ್ಷ ಸೈಪ್ರಸ್ ಅವರ ನೆನಪಿಗೆ ಅಂಚೆಚೀಟಿ ತಂದಿತು. ದ್ವೀಪ ಇವತ್ತಿಗೂ ಎರಡು ಹೋಳು, ಪಡೆ ಇವತ್ತಿಗೂ ಅಲ್ಲೇ ಇದೆ. ಕೊಲೆ ತಡೆದಿದೆ, ಜಗಳ ತೀರಿಲ್ಲ.

1967ರ ಮೇ 16ರ ರಾತ್ರಿ ಗಾಜಾದಲ್ಲಿ ಆ ಮೊದಲ ಪಡೆಯ ದಂಡನಾಯಕ, ಭಾರತದ ಜನರಲ್ ಇಂದರ್ ಜಿತ್ ರಿಖ್ಯೆ ಅವರ ಕೈಗೆ ಈಜಿಪ್ಟಿನ ಸೇನಾಧಿಕಾರಿಯೊಬ್ಬರು ಪತ್ರವಿಟ್ಟರು: ಗಡಿಯಿಂದ ನಿಮ್ಮವರನ್ನು ಹಿಂತೆಗೆಯಿರಿ. ಎರಡು ದಿನದಲ್ಲಿ, ಪಡೆ ಪೂರ್ತಿ ಹೊರಡಲಿ ಎಂದು ಈಜಿಪ್ಟ್ ಅಧಿಕೃತವಾಗಿ ಕೇಳಿತು. ನಿಮ್ಮ ಕಡೆಯಾದರೂ ಪಡೆ ನಿಲ್ಲಲು ಬಿಡಿ ಎಂದರೆ ಇಸ್ರೇಲ್ ಒಪ್ಪಲಿಲ್ಲ. ಒಪ್ಪಿಗೆಯಿಂದ ಬಂದವರು ಒಪ್ಪಿಗೆ ಹೋದಾಗ ನಿಲ್ಲುವಂತಿಲ್ಲ. ಪ್ರಧಾನ ಕಾರ್ಯದರ್ಶಿ ಊ ಥಾಂಟ್ ಪಡೆಯನ್ನು ಹಿಂದಕ್ಕೆ ಕರೆದರು. ಜೂನ್ 5ಕ್ಕೆ ಯುದ್ಧ ಸಿಡಿಯಿತು. ಊರಿಗೆ ಮರಳಬೇಕಿದ್ದ ಭಾರತೀಯ ಸೈನಿಕರಲ್ಲಿ ಹಲವರು ಗಾಜಾದಲ್ಲೇ ಸತ್ತರು.

ಊ ಥಾಂಟ್ ಅವರನ್ನು ಜಗತ್ತು ಬೈಯಿತು. ಅದು ಅನ್ಯಾಯ. ದೋಷವಿದ್ದದ್ದು ಕಟ್ಟಳೆಯಲ್ಲಿ, ಅದನ್ನು ಪಾಲಿಸಿದವರಲ್ಲಿ ಅಲ್ಲ. 1973ರ ಅಕ್ಟೋಬರ್ ಯುದ್ಧದ ಬಳಿಕ ಅದೇ ಸಿನಾಯ್‌ಗೆ ಎರಡನೆಯ ಪಡೆ ಹೋಯಿತು. ಮೊದಲ ತುಕಡಿಗಳನ್ನು ಸೈಪ್ರಸ್‌ನಿಂದಲೇ ವಿಮಾನದಲ್ಲಿ ತಂದಿಳಿಸಿದರು. ಈ ಸಲ ಕಟ್ಟಳೆ ಬದಲಾಗಿತ್ತು: ಪಡೆಯ ಅಸ್ತಿತ್ವಕ್ಕೆ ಸಂಬಂಧಿಸಿದ್ದೆಲ್ಲ ಭದ್ರತಾ ಮಂಡಳಿಯ ಮುಂದೆ ಬರಬೇಕು, ಒಂದು ದೇಶದ ಪತ್ರದಿಂದ ಮುಗಿಯುವಂತಿಲ್ಲ. 1979ರ ಮಾರ್ಚ್‌ನಲ್ಲಿ ಈಜಿಪ್ಟ್ ಮತ್ತು ಇಸ್ರೇಲ್ ಶಾಂತಿ ಒಪ್ಪಂದಕ್ಕೆ ಸಹಿ ಹಾಕಿದವು. ಆ ತನಕವೂ ಪಡೆ ನಡುವೆ ನಿಂತೇ ಇತ್ತು.