ಆಸ್ಟ್ರಕಾಡ್ ಅಂದರೇನು?

ಈ ಶಬ್ದ ಕೇಳಿ ನಗಬೇಡಿರಿ. ನಾನೂ ಮೊದಲು ನಕ್ಕಿದ್ದೆ. ಗ್ರೀಕ್ ಭಾಷೆಯಲ್ಲಿ 'ಆಸ್ಟ್ರಕಾನ್' ಅಂದರೆ ಚಿಪ್ಪು, ಒಡೆದ ಗಡಿಗೆಯ ಚೂರು ಅಂತಲೂ ಅರ್ಥ. ನಾವು ಕುಂಟಾಟಕ್ಕೆ ಹಂಚಿನ ಬಿಲ್ಲಿ ತಗೋತೀವಲ್ಲ, ಅಂಥಾದ್ದು.

ಆಸ್ಟ್ರಕಾಡ್ ಸಿಗಡಿ, ಏಡಿಗಳ ಬಳಗದ ಜೀವಿ. ಬಹಳಷ್ಟು ಸಾಸಿವೆ ಕಾಳಿನಷ್ಟೂ ಇರುವುದಿಲ್ಲ. ಕಡಲೆಕಾಳಿನ ಎರಡು ಬೇಳೆಯಂತೆ ಎರಡು ಚಿಪ್ಪು, ನಡುವೆ ಮೈ. ಹೆದರಿದರೆ ಬಾಗಿಲಾ ಹಾಕಿಕೊಂಡಂಗ ಮುಚ್ಚಿಕೊಳ್ಳುತ್ತದೆ. ಇದು ಒಂದೇ ಜಾತಿಯ ಹೆಸರಲ್ಲ, ಸಾವಿರಾರು ಜಾತಿಗಳದ್ದು. ಕೆರೆ, ಹೊಂಡ, ಸಮುದ್ರದಾಗ ಈಗಲೂ ಅದಾವ. ಕೆಲವುಗಳ ತತ್ತಿ ಹೊಂಡ ಒಣಗಿದರೂ ಸಾಯುವುದಿಲ್ಲ, ಮಳೆಯಾದ ಮೇಲೆ ಮರಿಯಾಗುತ್ತದೆ.

ಜೀವಿ ಸತ್ತರೂ ಸುಣ್ಣದ ಚಿಪ್ಪು ಕೆಸರಿನಲ್ಲಿ ಉಳಿದು ಕಲ್ಲಿನೊಳಗೆ ಸೇರುತ್ತದೆ. ಹಿಂಗ 45 ಕೋಟಿ ವರ್ಷದಷ್ಟು ಹಳೆಯವೂ ಸಿಕ್ಕಿವೆ. ನಮ್ಮ ರಾಜ್ಯದ ಯಾದಗಿರಿ ಜಿಲ್ಲೆಯ ಗುರುಮಠಕಲ್ ಕಡೆ ಲಾವಾ ಕಲ್ಲಿನ ಪದರಗಳ ನಡುವೆ ಸಿಕ್ಕವು ಸುಮಾರು 6.6 ಕೋಟಿ ವರ್ಷದವು. ಅವು ಸಿಹಿನೀರಿನ ಜಾತಿಗಳು. ಅಂದಮೇಲೆ ಒಮ್ಮೆ ಲಾವಾ ಹರಿದು, ಮತ್ತೊಮ್ಮೆ ಹರಿಯುವುದರೊಳಗೆ ಅಲ್ಲಿ ನೀರು ನಿಂತಿತ್ತು! ನನಗಂತೂ ಡೈನೋಸಾರ್‌ಗಿಂತ ಇದೇ ದೊಡ್ಡ ಸೋಜಿಗ.

ಇದೇ ಶಬ್ದದಿಂದ ಇನ್ನೊಂದು ಶಬ್ದ ಬಂದೈತಿ, 'ಆಸ್ಟ್ರಸಿಸಂ'. ಸುಮಾರು 2500 ವರ್ಷಗಳ ಹಿಂದೆ ಅಥೆನ್ಸ್ ಪಟ್ಟಣದ ಜನ ಗಡಿಗೆ ಚೂರಿನ ಮೇಲೆ ಬೇಡಾದವನ ಹೆಸರು ಗೀಚಿ ಹಾಕುತ್ತಿದ್ದರು. ಹೆಚ್ಚು ಚೂರು ಬಿದ್ದವನು 10 ವರ್ಷ ಊರು ಬಿಡಬೇಕು. ಈಗ ಒಬ್ಬರನ್ನು ಎಲ್ಲರೂ ಕೂಡಿ ದೂರ ಇಡುವುದಕ್ಕೆ ಆ ಶಬ್ದ ಬಳಸುತ್ತಾರೆ.

ಹೋದ ವಾರ ನಾವೂ ಒಬ್ಬಾಕಿನ್ನ ಕುಂಟಾಟದಿಂದ ಹೊರಗ ಇಟ್ಟಿದ್ದೆವು. ಆಕಿ ಬಿಲ್ಲಿ ಇನ್ನೂ ನನ್ನ ಪಾಟೀಚೀಲದಾಗ ಐತಿ. ನಾಳೆ ಕೊಡತೀನಿ.