ಅಳ್ನಾವರ–ದಾಂಡೇಲಿ ಶಾಖಾ ರೈಲು ಮಾರ್ಗ: ಇತಿಹಾಸ ಹಾಗೂ ಭೂಮಾಲೀಕರಿಗೆ ಮಾಹಿತಿ

ಪೀಠಿಕೆ

ಬೆಳಗಾವಿ ಜಿಲ್ಲೆಯ ಬೈಲಹೊಂಗಲ, ಕಿತ್ತೂರು, ಸವದತ್ತಿ ಹಾಗೂ ರಾಮದುರ್ಗ ಪಟ್ಟಣಗಳಿಗೆ ಇದುವರೆಗೆ ರೈಲು ಸಂಪರ್ಕ ದೊರೆತಿರುವುದಿಲ್ಲ. ಈ ಭಾಗದಲ್ಲಿ ಹೊಸ ಮಾರ್ಗಗಳ ವಿಷಯ ಚರ್ಚೆಯಲ್ಲಿರುವುದರಿಂದ, ನೆರೆಯಲ್ಲಿಯೇ ಇರುವ ಅಳ್ನಾವರ–ದಾಂಡೇಲಿ ಶಾಖಾ ಮಾರ್ಗದ ಇತಿಹಾಸವನ್ನು ಹಾಗೂ ರೈಲು ಮಾರ್ಗದ ಜಮೀನಿಗೆ ಸಂಬಂಧಿಸಿದ ಮುಖ್ಯ ನಿಯಮಗಳನ್ನು ಸಾರ್ವಜನಿಕರ ತಿಳುವಳಿಕೆಗಾಗಿ ಇಲ್ಲಿ ನೀಡಲಾಗಿದೆ.

ಮಾರ್ಗದ ಹಿನ್ನೆಲೆ

1882ರಲ್ಲಿ ಸ್ಥಾಪನೆಗೊಂಡ ಸದರ್ನ್ ಮರಾಠಾ ರೈಲ್ವೆ ಕಂಪನಿಯು 1880ರ ದಶಕದಲ್ಲಿ ಹುಬ್ಬಳ್ಳಿ, ಧಾರವಾಡ, ಅಳ್ನಾವರ, ಲೋಂಡಾ ಮೂಲಕ ಗೋವೆಯ ಗಡಿಯ ಕಡೆಗೆ ಮೀಟರ್ ಗೇಜ್ ಮಾರ್ಗವನ್ನು ನಿರ್ಮಿಸಿತು. ಮುಂದೆ ದಾಂಡೇಲಿ ಅರಣ್ಯದ ಸಾಗುವಾನಿ ಮೊದಲಾದ ಮರಮುಟ್ಟುಗಳನ್ನು ಸಾಗಿಸುವ ಸಲುವಾಗಿ ಅಳ್ನಾವರದಿಂದ ಶಾಖಾ ಮಾರ್ಗವನ್ನು ಹಾಕಲಾಯಿತು. 1950ರ ದಶಕದಲ್ಲಿ ದಾಂಡೇಲಿಯಲ್ಲಿ ಕಾಗದದ ಕಾರ್ಖಾನೆ ಸ್ಥಾಪನೆಯಾದ ನಂತರ ಈ ಮಾರ್ಗದ ಸರಕು ಸಾಗಣೆಗೆ ಹೊಸ ಆಧಾರ ದೊರೆಯಿತು.

ಪ್ರಯಾಣಿಕರ ಸಂಚಾರ ನಿಂತದ್ದು

1990ರ ದಶಕದಲ್ಲಿ ಮೀಟರ್ ಗೇಜ್ ಮಾರ್ಗಗಳನ್ನು ಬ್ರಾಡ್ ಗೇಜ್‌ಗೆ ಪರಿವರ್ತಿಸುವ ಕಾರ್ಯ ನಡೆದಾಗ ಇಲ್ಲಿಯ ಪ್ರಯಾಣಿಕರ ರೈಲು ನಿಂತಿತು. ಹಳಿ ಬದಲಾದ ನಂತರವೂ ಸರಕು ಗಾಡಿಗಳಿಗೆ ಮಾತ್ರ ಅವಕಾಶ ದೊರೆಯಿತು. ಎರಡು ದಶಕಗಳಿಗೂ ಹೆಚ್ಚು ಕಾಲ ಜನರು ಬಸ್ಸನ್ನೇ ಅವಲಂಬಿಸಬೇಕಾಯಿತು. ನಿರಂತರ ಬೇಡಿಕೆಯ ಫಲವಾಗಿ 2019ರ ನವೆಂಬರ್‌ನಲ್ಲಿ, ಅಂದಿನ ರೈಲ್ವೆ ರಾಜ್ಯ ಸಚಿವರಾಗಿದ್ದ ದಿವಂಗತ ಶ್ರೀ ಸುರೇಶ ಅಂಗಡಿಯವರ ಕಾಲದಲ್ಲಿ, ದಾಂಡೇಲಿ ಸಮೀಪದ ಅಂಬೇವಾಡಿಯವರೆಗೆ ಪ್ರಯಾಣಿಕರ ರೈಲು ಪುನಃ ಆರಂಭವಾಯಿತು. ಹಳಿ ಹಾಗೂ ಜಮೀನು ರೈಲ್ವೆಯ ವಶದಲ್ಲಿಯೇ ಉಳಿದಿದ್ದುದರಿಂದ ಇದು ಸಾಧ್ಯವಾಯಿತು ಎಂಬುದನ್ನು ಗಮನಿಸಬಹುದು.

ಕಿತ್ತೂರು ಮೂಲಕ ನೇರ ಮಾರ್ಗ

ಧಾರವಾಡ–ಬೆಳಗಾವಿ ನಡುವಣ ಈಗಿನ ಮಾರ್ಗವು ಅಳ್ನಾವರ, ಲೋಂಡಾ, ಖಾನಾಪುರಗಳನ್ನು ಸುತ್ತಿ ಹೋಗುವುದರಿಂದ ಸುಮಾರು 120 ಕಿ.ಮೀ. ಆಗುತ್ತದೆ. ಕಿತ್ತೂರು ಮೂಲಕ ಯೋಜಿಸಲಾದ ನೇರ ಮಾರ್ಗದ ಉದ್ದ ಸುಮಾರು 73 ಕಿ.ಮೀ. ಇದರಿಂದ ಪ್ರಯಾಣದ ದೂರ ಕಡಿಮೆಯಾಗುವುದಾದರೂ, ಮಾರ್ಗವು ಹಾದುಹೋಗುವ ಗ್ರಾಮಗಳ ರೈತರ ಸಾಗುವಳಿ ಜಮೀನು ಬೇಕಾಗುತ್ತದೆ. ಲೋಕಾಪುರದಿಂದ ರಾಮದುರ್ಗ, ಸವದತ್ತಿ ಮೂಲಕ ಧಾರವಾಡಕ್ಕೆ ಮಾರ್ಗ ಬೇಕೆಂಬ ಬೇಡಿಕೆಯೂ ಬಹುಕಾಲದ್ದಾಗಿದೆ.

ಸಾರ್ವಜನಿಕರು ಗಮನಿಸಬೇಕಾದ ಅಂಶಗಳು

1. ರೈಲು ಸಂಚಾರ ನಿಂತ ಮಾತ್ರಕ್ಕೆ, ಹಿಂದೆ 1894ರ ಭೂಸ್ವಾಧೀನ ಕಾಯ್ದೆಯಡಿ ಪರಿಹಾರ ನೀಡಿ ವಶಪಡಿಸಿಕೊಂಡ ಜಮೀನು ಮೂಲ ಮಾಲೀಕರಿಗೆ ತಾನಾಗಿ ಮರಳುವುದಿಲ್ಲ. ಅಂತಹ ಜಮೀನಿನಲ್ಲಿ ಸಾಗುವಳಿ ಮಾಡುವುದು ಅಥವಾ ಕಟ್ಟಡ ಕಟ್ಟುವುದು ಒತ್ತುವರಿ ಎನಿಸುತ್ತದೆ.

2. 2014ರ ಜನವರಿ 1ರಿಂದ ಜಾರಿಯಲ್ಲಿರುವ 2013ರ ಭೂಸ್ವಾಧೀನ ಕಾಯ್ದೆಯ 101ನೇ ಕಲಮಿನಂತೆ, ಆ ಕಾಯ್ದೆಯಡಿ ಪಡೆದ ಜಮೀನು ವಶಕ್ಕೆ ಪಡೆದ ದಿನದಿಂದ 5 ವರ್ಷ ಬಳಕೆಯಾಗದೆ ಉಳಿದಲ್ಲಿ, ಅದನ್ನು ಮೂಲ ಮಾಲೀಕರಿಗೆ ಅಥವಾ ವಾರಸುದಾರರಿಗೆ ಇಲ್ಲವೇ ಸರ್ಕಾರದ ಭೂ ಬ್ಯಾಂಕಿಗೆ ಹಿಂದಿರುಗಿಸತಕ್ಕದ್ದು.

3. ಆಕ್ಷೇಪಣೆ ಸಲ್ಲಿಸುವ ಅವಧಿಯು ಅಧಿಸೂಚನೆ ಯಾವ ಕಾಯ್ದೆಯಡಿ ಹೊರಟಿದೆ ಎಂಬುದನ್ನು ಅವಲಂಬಿಸಿರುತ್ತದೆ. 1989ರ ರೈಲ್ವೆ ಕಾಯ್ದೆಯಡಿ 30 ದಿನಗಳು, 2013ರ ಕಾಯ್ದೆಯಡಿ 60 ದಿನಗಳು. ಇತರೆ ಕಾಯ್ದೆಯಾದಲ್ಲಿ ನೋಟಿಸಿನಲ್ಲಿ ನಮೂದಿಸಿದ ಅವಧಿಯನ್ನು ಪಾಲಿಸತಕ್ಕದ್ದು.

4. ಪಹಣಿಯಲ್ಲಿ ಮೃತರ ಹೆಸರು ಮುಂದುವರಿದಿದ್ದಲ್ಲಿ ವಾರಸಾ ಖಾತೆ ಬದಲಾವಣೆಗೆ ಕೂಡಲೇ ಅರ್ಜಿ ಸಲ್ಲಿಸುವುದು. ದಾಖಲೆ ಸರಿಯಿಲ್ಲದಿದ್ದಲ್ಲಿ ಪರಿಹಾರ ಪಾವತಿ ವಿಳಂಬವಾಗುವ ಸಂಭವವಿರುತ್ತದೆ. ಗಡಿಯ ಬಗ್ಗೆ ಸಂದೇಹವಿದ್ದಲ್ಲಿ ಹದ್ದುಬಸ್ತಿಗೆ ಅರ್ಜಿ ಸಲ್ಲಿಸಬಹುದು.

5. ಗಾಡಿಗಳು ವಿರಳವಾಗಿ ಸಂಚರಿಸುವ ಮಾರ್ಗದಲ್ಲಿಯೂ ಹಳಿಯ ಮೇಲೆ ನಡೆಯುವುದು, ದನ ಮೇಯಿಸುವುದು ಅಪಾಯಕರ. ರೈಲ್ವೆ ಆವರಣದೊಳಗೆ ಅಕ್ರಮ ಪ್ರವೇಶವು ರೈಲ್ವೆ ಕಾಯ್ದೆಯ 147ನೇ ಕಲಮಿನಡಿ ಶಿಕ್ಷಾರ್ಹ ಅಪರಾಧವಾಗಿರುತ್ತದೆ.

ನೋಟಿಸು ತಲುಪಿದ ಭೂಮಾಲೀಕರು ಮಧ್ಯವರ್ತಿಗಳನ್ನು ನೆಚ್ಚಿಕೊಳ್ಳದೆ, ಪಹಣಿ ಹಾಗೂ ಗುರುತಿನ ದಾಖಲೆಗಳೊಂದಿಗೆ ನೋಟಿಸಿನಲ್ಲಿ ಸೂಚಿಸಿದ ಭೂಸ್ವಾಧೀನಾಧಿಕಾರಿಗಳನ್ನು ಖುದ್ದಾಗಿ ಭೇಟಿ ಮಾಡಿ, ಸಲ್ಲಿಸಿದ ಪ್ರತಿ ಅರ್ಜಿಗೂ ಸ್ವೀಕೃತಿ ಪಡೆದುಕೊಳ್ಳುವುದು.